ಎರಡು ಬಂಡೆಗಳ ನಡುವೆ ದೋಣಿ: ಇಂಡೋನೇಷ್ಯಾದ ವಿದೇಶ ನೀತಿ ಮತ್ತು ಕಾಡಿನ ಜನ

ಕುದುರೆಮುಖದ ಬೆಟ್ಟವನ್ನು ಅಗೆಯಬೇಕೆಂಬ ತೀರ್ಮಾನ ಮಲೆನಾಡಿನ ಯಾವ ಊರಿನ ಪಂಚಾಯಿತಿಯಲ್ಲಿಯೂ ಆದುದಲ್ಲ. 1975ರಲ್ಲಿ ಭಾರತ ಮತ್ತು ಇರಾನ್ ಸರಕಾರಗಳ ನಡುವೆ ಆದ ಒಪ್ಪಂದ ಅದನ್ನು ನಿರ್ಧರಿಸಿತು. 1973ರ ನಂತರ ತೈಲದ ಬೆಲೆ ಏರಿ ಇರಾನಿನ ಷಾ ದೊರೆಯ ಬೊಕ್ಕಸ ತುಂಬಿತ್ತು. ಆತನಿಗೆ ಉಕ್ಕಿನ ಕಾರ್ಖಾನೆಗಳನ್ನು ಕಟ್ಟುವ ಹಂಬಲವಿತ್ತು. ಅದೇ ತೈಲದ ಬೆಲೆಯಿಂದ ಬಸವಳಿದಿದ್ದ ಭಾರತಕ್ಕೆ ವಿದೇಶಿ ವಿನಿಮಯದ ತುರ್ತು ಅಗತ್ಯವಿತ್ತು. ಸುಮಾರು 63 ಕೋಟಿ ಡಾಲರುಗಳ ಸಾಲದ ಭರವಸೆಯ ಮೇಲೆ ಭದ್ರೆಯ ಮೇಲ್ದಂಡೆಯ ಶೋಲಾ ಕಾಡು, ಹುಲ್ಲುಗಾವಲುಗಳ ನಡುವೆ ಯಂತ್ರಗಳು ಇಳಿದವು. 1979ರಲ್ಲಿ ಇರಾನಿನಲ್ಲಿ ಕ್ರಾಂತಿಯಾಯಿತು, ಷಾ ದೇಶ ಬಿಟ್ಟು ಓಡಿದ. ಹೊಸ ಆಡಳಿತಕ್ಕೆ ಈ ಅದಿರು ಬೇಕಾಗಿರಲಿಲ್ಲ. ಆದರೆ ಅಷ್ಟು ಹೊತ್ತಿಗೆ ಬೆಟ್ಟ ತೆರೆದುಕೊಂಡಾಗಿತ್ತು; ಬೇರೆ ದೇಶಗಳ ಗಿರಾಕಿಗಳನ್ನು ಹುಡುಕಲಾಯಿತು, ಅಗೆತ ಮುಂದುವರಿಯಿತು. 2002ರಲ್ಲಿ ಸುಪ್ರೀಂ ಕೋರ್ಟು ಆದೇಶ ನೀಡಿ, 2005ರ ಕೊನೆಯ ದಿನ ಗಣಿ ನಿಲ್ಲುವವರೆಗೆ ಭದ್ರೆ ಕೆಂಪು ಹೂಳನ್ನು ಹೊತ್ತು ಹರಿದಳು.

ಆದ್ದರಿಂದ 'ವಿದೇಶ ನೀತಿ' ಎಂಬುದು ದೆಹಲಿಯ ದೊಡ್ಡವರ ವಿಷಯ, ಬೆಟ್ಟದ ಜನಕ್ಕೂ ಅದಕ್ಕೂ ಸಂಬಂಧವಿಲ್ಲ ಎಂಬ ಮಾತು ಮಲೆನಾಡಿನಲ್ಲಿ ಹೇಳುವಂತಹುದಲ್ಲ. ಒಂದು ದೇಶ ಹೊರಗಿನವರೊಡನೆ ಹೇಗೆ ನಡೆದುಕೊಳ್ಳುತ್ತದೆ ಎಂಬುದನ್ನು ಒಳಗಿನ ಯಾವ ಒತ್ತಡ, ಹೊರಗಿನ ಯಾವ ಒತ್ತಡ ತೀರ್ಮಾನಿಸುತ್ತದೆ, ಆ ತೀರ್ಮಾನದ ಭಾರ ಕೊನೆಗೆ ಯಾವ ಬೆಟ್ಟದ ಮೇಲೆ ಬೀಳುತ್ತದೆ ಎಂಬುದನ್ನು ಅರಿಯಲು ಇಂಡೋನೇಷ್ಯಾದಷ್ಟು ಸ್ಪಷ್ಟವಾದ ಪಾಠ ಇನ್ನೊಂದು ಸಿಗುವುದು ಕಷ್ಟ.

ಮಧ್ಯಮ ಬಲದ ರಾಷ್ಟ್ರವೆಂದರೆ

ಲೋಕದ ರಾಜಕಾರಣದಲ್ಲಿ ಕೆಲವು ದೇಶಗಳು ತಾವು ಬಯಸಿದ್ದನ್ನು ಇತರರ ಮೇಲೆ ಹೇರಬಲ್ಲವು. ಹಲವು ದೇಶಗಳು ಹೇರಿದ್ದನ್ನು ಹೊರಬೇಕಾಗುತ್ತದೆ. ಇವೆರಡರ ನಡುವೆ ಇರುವ ರಾಷ್ಟ್ರಗಳನ್ನು ಮಧ್ಯಮ ಬಲದ ರಾಷ್ಟ್ರಗಳೆಂದು ಕರೆಯುವುದುಂಟು. ಅವು ಬೇಡವೆನ್ನಬಲ್ಲಷ್ಟು ದೊಡ್ಡವು, ಆದರೆ ಬೇಡವೆಂದುದಕ್ಕೆ ಬೆಲೆ ತೆರದೆ ಇರುವಷ್ಟು ದೊಡ್ಡವಲ್ಲ. ಹದಿನೇಳು ಸಾವಿರಕ್ಕೂ ಹೆಚ್ಚು ದ್ವೀಪಗಳ, ಸುಮಾರು 28 ಕೋಟಿ ಜನರ ಇಂಡೋನೇಷ್ಯಾ ಅಂತಹ ರಾಷ್ಟ್ರ. ಅಮೆಜಾನ್ ಮತ್ತು ಕಾಂಗೋ ಕಣಿವೆಗಳನ್ನು ಬಿಟ್ಟರೆ ಲೋಕದ ಅತಿ ದೊಡ್ಡ ಉಷ್ಣವಲಯದ ಮಳೆಕಾಡು ಇರುವುದು ಅಲ್ಲಿಯೇ.

ಈ ಸ್ಥಿತಿಯನ್ನು ಆ ದೇಶದ ಹಿರಿಯರು ಮೊದಲೇ ಅರಿತಿದ್ದರು. 1948ರ ಸೆಪ್ಟೆಂಬರ್ 2ರಂದು, ಡಚ್ಚರೊಡನೆ ಹೋರಾಟ ಇನ್ನೂ ಮುಗಿಯದಿದ್ದಾಗ, ಉಪಾಧ್ಯಕ್ಷರೂ ಪ್ರಧಾನಿಯೂ ಆಗಿದ್ದ ಮಹಮ್ಮದ್ ಹಟ್ಟಾ ಒಂದು ಭಾಷಣ ಮಾಡಿದರು. ಅಮೆರಿಕ, ಸೋವಿಯತ್ ಒಕ್ಕೂಟಗಳೆಂಬ ಎರಡು ಬಂಡೆಗಳ ನಡುವೆ ದೋಣಿ ನಡೆಸುವುದೇ ಇಂಡೋನೇಷ್ಯಾದ ದಾರಿ ಎಂಬುದು ಅದರ ತಿರುಳು. ಯಾರ ಬಾಲಂಗೋಚಿಯೂ ಆಗದೆ, ಹಾಗೆಂದು ಕೈಕಟ್ಟಿಯೂ ಕೂರದೆ ನಡೆಯುವ ಈ ನಿಲುವಿಗೆ 'ಸ್ವತಂತ್ರ ಮತ್ತು ಸಕ್ರಿಯ' ನೀತಿ ಎಂಬ ಹೆಸರು ಬಂದಿತು. 1955ರ ಏಪ್ರಿಲಿನಲ್ಲಿ ಬಾಂಡುಂಗ್ ನಗರದಲ್ಲಿ ಏಷ್ಯಾ, ಆಫ್ರಿಕಾಗಳ 29 ರಾಷ್ಟ್ರಗಳು ಸೇರಿದ ಸಮ್ಮೇಳನ ಈ ನೀತಿಯ ಫಲ. ನೆಹರೂ ಅವರೂ ಅಲ್ಲಿದ್ದರು. ಅಲಿಪ್ತ ನೀತಿಯ ಬೇರುಗಳಲ್ಲಿ ಒಂದು ಆ ಸಮ್ಮೇಳನದಲ್ಲಿದೆ.

ಇಲ್ಲಿ ಗಮನಿಸಬೇಕಾದ ಒಂದು ಸಂಗತಿ ಇದೆ. ಹಟ್ಟಾ ಅವರ ನೀತಿ ಹೊರಗಿನ ಲೋಕಕ್ಕೆ ಕೊಟ್ಟ ಉತ್ತರದಂತೆ ಕಾಣುತ್ತದೆ. ನಿಜಕ್ಕೂ ಅದು ಒಳಗಿನ ಜಗಳಕ್ಕೆ ಕೊಟ್ಟ ಉತ್ತರವೂ ಆಗಿತ್ತು. ದೇಶದೊಳಗೆ ಎಡಪಂಥೀಯರು ಸೋವಿಯತ್ ಪಕ್ಷ ವಹಿಸಬೇಕೆಂದು ಒತ್ತಾಯಿಸುತ್ತಿದ್ದರು. ಡಚ್ಚರ ಕೈಯಿಂದ ಬಿಡುಗಡೆ ಪಡೆಯಲು ಅಮೆರಿಕದ ಒಲವು ಬೇಕಿತ್ತು. ಭಾಷಣವಾದ ಅದೇ ತಿಂಗಳಲ್ಲಿ ಮಡಿಯೂನ್ ಪಟ್ಟಣದಲ್ಲಿ ಕಮ್ಯುನಿಸ್ಟರ ದಂಗೆಯೂ ನಡೆಯಿತು. ಯಾವ ದೇಶದ ವಿದೇಶ ನೀತಿಯೂ ಕೇವಲ ಹೊರಗಿನ ಕಡೆಗೆ ತೆರೆದ ಕಿಟಕಿಯಲ್ಲ. ಮನೆಯೊಳಗೆ ಯಾರ ಮಾತು ನಡೆಯುತ್ತದೆ ಎಂಬುದರ ಮೇಲೆ ಆ ಕಿಟಕಿ ಎತ್ತ ತೆರೆಯಬೇಕೆಂಬುದು ನಿರ್ಧಾರವಾಗುತ್ತದೆ.

ಸಾಲ ಕೊಟ್ಟವರ ಮಾತು

1965-66ರಲ್ಲಿ ಇಂಡೋನೇಷ್ಯಾ ರಕ್ತದಲ್ಲಿ ತೊಯ್ದಿತು. ಕಮ್ಯುನಿಸ್ಟರೆಂಬ ಹಣೆಪಟ್ಟಿ ಹಚ್ಚಿ ಲಕ್ಷಾಂತರ ಜನರನ್ನು ಕೊಲ್ಲಲಾಯಿತು; ಸುಕಾರ್ನೋ ಕೈಯಿಂದ ಅಧಿಕಾರ ಸೇನಾನಿ ಸುಹಾರ್ತೋ ಕೈಗೆ ಜಾರಿತು. ಬರಿದಾದ ಬೊಕ್ಕಸ, ಹುಚ್ಚಾಪಟ್ಟೆ ಏರಿದ ಬೆಲೆಗಳು ಮತ್ತು ಪಶ್ಚಿಮದ ಸಾಲಗಾರರು ಹೊಸ ಆಡಳಿತದ ಮುಂದಿದ್ದರು. 1967ರಲ್ಲಿ ವಿದೇಶಿ ಬಂಡವಾಳಕ್ಕೆ ಬಾಗಿಲು ತೆರೆಯುವ ಕಾಯಿದೆ ಬಂದಿತು. ಅದೇ ವರ್ಷ ಕಾಡಿನ ಮೇಲೆ ಸರಕಾರದ ಒಡೆತನವನ್ನು ಗಟ್ಟಿಮಾಡುವ ಅರಣ್ಯ ಕಾಯಿದೆಯೂ ಬಂದಿತು. ಎರಡನ್ನೂ ಜೊತೆಯಾಗಿಯೇ ಓದಬೇಕು. ಹೊರಗಿನವರಿಗೆ ಕೊಡಬೇಕಾದರೆ ಮೊದಲು ಒಳಗಿನವರಿಂದ ತೆಗೆದುಕೊಳ್ಳಬೇಕು.

ಆ ಕಾಲದ ಒಂದು ಉದಾಹರಣೆ ಸಾಕು. 1967ರ ಏಪ್ರಿಲಿನಲ್ಲಿ ಅಮೆರಿಕದ ಫ್ರೀಪೋರ್ಟ್ ಕಂಪನಿಗೆ ಪಪುವಾದ ಬೆಟ್ಟಗಳಲ್ಲಿ ತಾಮ್ರ ತೆಗೆಯುವ ಹಕ್ಕು ದೊರೆಯಿತು. ಪಪುವಾ ಇಂಡೋನೇಷ್ಯಾಕ್ಕೆ ಸೇರಬೇಕೇ ಬೇಡವೇ ಎಂಬುದನ್ನು ತೀರ್ಮಾನಿಸುವ ಮತದಾನವೆಂಬ ಶಾಸ್ತ್ರ ನಡೆದದ್ದು 1969ರಲ್ಲಿ. ನೆಲ ಯಾರದೆಂದು ಇತ್ಯರ್ಥವಾಗುವ ಎರಡು ವರ್ಷ ಮೊದಲೇ ನೆಲದೊಳಗಿನ ಲೋಹ ಮಾರಾಟವಾಗಿತ್ತು. ಆ ಬೆಟ್ಟವನ್ನು ಪೂಜ್ಯವೆಂದು ಭಾವಿಸುವ ಅಮುಂಗ್ಮೆ ಜನರನ್ನು ಯಾರೂ ಕೇಳಲಿಲ್ಲ.

ಮೂವತ್ತು ವರ್ಷಗಳ ನಂತರ ಸಾಲದ ಕಥೆ ಇನ್ನೊಮ್ಮೆ ನಡೆಯಿತು. 1997ರ ಏಷ್ಯಾದ ಹಣಕಾಸು ಬಿಕ್ಕಟ್ಟಿನಲ್ಲಿ ಇಂಡೋನೇಷ್ಯಾದ ನಾಣ್ಯ ಕುಸಿಯಿತು. 1998ರ ಜನವರಿ 15ರಂದು ಸುಹಾರ್ತೋ ಬಗ್ಗಿ ಒಪ್ಪಂದಕ್ಕೆ ಸಹಿ ಹಾಕುತ್ತಿರುವಾಗ, ಅಂತಾರಾಷ್ಟ್ರೀಯ ಹಣಕಾಸು ನಿಧಿಯ ಮುಖ್ಯಸ್ಥ ಮಿಷೆಲ್ ಕಾಮ್ದೆಸ್ಸು ಪಕ್ಕದಲ್ಲಿ ಕೈಕಟ್ಟಿ ನಿಂತಿದ್ದ ಚಿತ್ರವನ್ನು ಆ ದೇಶದ ಜನ ಇಂದಿಗೂ ಮರೆತಿಲ್ಲ. ನಿಧಿಯ ಷರತ್ತುಗಳಲ್ಲಿ ಒಳ್ಳೆಯದೂ ಇತ್ತು: ಸುಹಾರ್ತೋ ಆಪ್ತರ ಹಿಡಿತದಲ್ಲಿದ್ದ ಪ್ಲೈವುಡ್ ಏಕಸ್ವಾಮ್ಯವನ್ನು ಮುರಿಯಬೇಕೆಂದು ಅದು ಹೇಳಿತು. ಅದೇ ಕಾಗದದಲ್ಲಿ ತಾಳೆ ತೋಟಗಳಿಗೆ ವಿದೇಶಿ ಬಂಡವಾಳ ಬರಲು ಇದ್ದ ತಡೆಯನ್ನು ತೆಗೆಯಬೇಕೆಂದೂ, ಮರದ ದಿಮ್ಮಿಗಳ ರಫ್ತಿನ ಮೇಲಿನ ಸುಂಕ ಇಳಿಸಬೇಕೆಂದೂ ಇತ್ತು. ಮೇ 21ರಂದು ವಿದ್ಯಾರ್ಥಿಗಳ ಚಳವಳಿ ಸುಹಾರ್ತೋನನ್ನು ಕೆಳಗಿಳಿಸಿತು. ಸರ್ವಾಧಿಕಾರಿ ಹೋದ, ತಾಳೆ ತೋಟ ಹಬ್ಬುತ್ತಲೇ ಹೋಯಿತು.

ಗಡಿ ದಾಟಿದ ಹೊಗೆ

ಸುಮಾತ್ರಾ ಮತ್ತು ಕಲಿಮಂತಾನಿನ ತಗ್ಗು ಪ್ರದೇಶಗಳಲ್ಲಿ ಸಾವಿರಾರು ವರ್ಷಗಳಿಂದ ಕೊಳೆಯದೆ ಉಳಿದ ಎಲೆ, ಬೇರು, ಕಾಂಡಗಳು ಹಲವು ಮೀಟರು ದಪ್ಪಕ್ಕೆ ಶೇಖರವಾದ ಜೌಗು ನೆಲವಿದೆ. ಇದಕ್ಕೆ ಪೀಟ್ ಎಂದು ಹೆಸರು. ತೋಟ ಮಾಡಲು ಕಾಲುವೆ ತೋಡಿ ನೀರು ಬಸಿದಾಗ ಈ ನೆಲ ಒಣಗಿ ಸೌದೆಯಂತಾಗುತ್ತದೆ. ಒಮ್ಮೆ ಬೆಂಕಿ ಬಿದ್ದರೆ ನೆಲದೊಳಗೇ ವಾರಗಟ್ಟಲೆ ಉರಿಯುತ್ತದೆ. 1997-98ರಲ್ಲಿ ಈ ಹೊಗೆ ಸಿಂಗಪುರ, ಮಲೇಷ್ಯಾಗಳ ಆಕಾಶವನ್ನು ತಿಂಗಳುಗಟ್ಟಲೆ ಮುಚ್ಚಿತು. 2015ರಲ್ಲಿ ಸುಮಾರು 26 ಲಕ್ಷ ಹೆಕ್ಟೇರ್ ಸುಟ್ಟುಹೋಯಿತು; ನಷ್ಟ 1,600 ಕೋಟಿ ಡಾಲರುಗಳಿಗೂ ಮಿಕ್ಕಿದ್ದೆಂದು ವಿಶ್ವಬ್ಯಾಂಕ್ ಅಂದಾಜು ಮಾಡಿತು.

ನೆರೆಹೊರೆಯವರ ಒತ್ತಡದ ಫಲವಾಗಿ 2002ರಲ್ಲಿ ಆಸಿಯಾನ್ ರಾಷ್ಟ್ರಗಳು ಹೊಗೆ ತಡೆಯುವ ಒಪ್ಪಂದವೊಂದಕ್ಕೆ ಸಹಿ ಹಾಕಿದವು. ಹೊಗೆಯ ಮೂಲವಾದ ಇಂಡೋನೇಷ್ಯಾದ ಸಂಸತ್ತು ಅದಕ್ಕೆ ಒಪ್ಪಿಗೆ ನೀಡಿದ್ದು 2014ರಲ್ಲಿ, ಹತ್ತು ದೇಶಗಳಲ್ಲಿ ಎಲ್ಲರಿಗಿಂತ ಕೊನೆಯಲ್ಲಿ. ಹನ್ನೆರಡು ವರ್ಷ ತಡವಾದುದೇಕೆ? ಸುಹಾರ್ತೋ ನಂತರ ಅಧಿಕಾರ ಜಕಾರ್ತಾದಿಂದ ಜಿಲ್ಲೆಗಳಿಗೆ ಹರಿದಿತ್ತು. ತೋಟ, ಗಣಿಗಳ ಪರವಾನಗಿ ಕೊಡುವ ಅಧಿಕಾರ ಚುನಾಯಿತ ಜಿಲ್ಲಾ ಮುಖ್ಯಸ್ಥರ ಕೈಗೆ ಬಂದಿತ್ತು. ಚುನಾವಣೆಗೆ ಹಣ ಬೇಕು, ಹಣ ಪರವಾನಗಿಯಲ್ಲಿದೆ. ಸಂಸತ್ತಿನಲ್ಲಿ ಒಪ್ಪಂದವನ್ನು ತಡೆದವರ ಬಾಯಲ್ಲಿ ಮಾತ್ರ 'ಸಾರ್ವಭೌಮತ್ವ'ದ ಮಾತಿತ್ತು. 2013ರ ಜೂನಿನಲ್ಲಿ ಅಧ್ಯಕ್ಷ ಯುಧೊಯೊನೊ ನೆರೆಯವರ ಕ್ಷಮೆ ಕೇಳಿದರೆ, 2015ರಲ್ಲಿ ಉಪಾಧ್ಯಕ್ಷ ಯೂಸುಫ್ ಕಲ್ಲಾ, ಹನ್ನೊಂದು ತಿಂಗಳು ತಮ್ಮ ಕಾಡಿನ ಶುದ್ಧ ಗಾಳಿ ಉಂಡಾಗ ಧನ್ಯವಾದ ಹೇಳದವರು ಒಂದು ತಿಂಗಳ ಹೊಗೆಗೆ ಗೊಣಗುತ್ತಾರೆಂದು ಚುಚ್ಚಿದರು. ಒಂದೇ ದೇಶದ ಈ ಎರಡು ದನಿಗಳಲ್ಲಿ ಒಂದು ಹೊರಗಿನ ಒತ್ತಡಕ್ಕೆ ಕೊಟ್ಟ ಉತ್ತರ, ಇನ್ನೊಂದು ಒಳಗಿನ ಸಭೆಗೆ ಆಡಿದ ಮಾತು.

ಹೊಗೆಯ ಬಗ್ಗೆ ದೂರಿದ ದೇಶಗಳ ಕೈಯೂ ಶುದ್ಧವಾಗಿರಲಿಲ್ಲ. ಸುಮಾತ್ರಾದ ತಾಳೆ ತೋಟಗಳಲ್ಲಿ ಮಲೇಷ್ಯಾ ಮತ್ತು ಸಿಂಗಪುರದ ಬಂಡವಾಳ ಸಾಕಷ್ಟಿದೆ. ಲಾಭ ಸಿಂಗಪುರಕ್ಕೆ ಹೋದಾಗ ಅದು ಹೂಡಿಕೆ, ಹೊಗೆ ಸಿಂಗಪುರಕ್ಕೆ ಹೋದಾಗ ಮಾತ್ರ ಅದು ಇಂಡೋನೇಷ್ಯಾದ ಅಪರಾಧ ಎಂಬ ಲೆಕ್ಕ ಒಪ್ಪತಕ್ಕದ್ದಲ್ಲ. ಕಂಪನಿಗಳನ್ನು ಕಾನೂನಿಗೆ ಎಳೆಯುವ ಕಾಯಿದೆಯನ್ನು ಸಿಂಗಪುರ ಮಾಡಿದ್ದು 2014ರಲ್ಲಷ್ಟೆ. ಈ ವಾಗ್ವಾದದುದ್ದಕ್ಕೂ ಅತಿ ಹೆಚ್ಚು ಹೊಗೆ ಕುಡಿದವರು ಸುಡುವ ನೆಲದ ಮೇಲೆಯೇ ಬದುಕುವ ರಿಯಾವು, ಜಂಬಿ, ಕಲಿಮಂತಾನಿನ ಹಳ್ಳಿಗರು. ಅವರ ಹೆಸರು ಯಾವ ದೇಶದ ಪ್ರತಿಭಟನಾ ಪತ್ರದಲ್ಲಿಯೂ ಮುಖ್ಯವಾಗಲಿಲ್ಲ.

ಬಾಣಲೆಯ ಎಣ್ಣೆ

ಲೋಕದ ತಾಳೆ ಎಣ್ಣೆಯಲ್ಲಿ ಅರ್ಧಕ್ಕಿಂತ ಹೆಚ್ಚು ಇಂಡೋನೇಷ್ಯಾದ್ದು. ಒಂದೂವರೆ ಕೋಟಿ ಹೆಕ್ಟೇರಿಗೂ ಮಿಕ್ಕಿ ತಾಳೆ ತೋಟವಿದೆ. ಅದರಲ್ಲಿ ಸುಮಾರು 40 ಶೇಕಡಾ ಸಣ್ಣ ಹಿಡುವಳಿದಾರರದು. 2018-19ರಲ್ಲಿ ಐರೋಪ್ಯ ಒಕ್ಕೂಟ, ಕಾಡು ಕಡಿದು ಬೆಳೆದ ತಾಳೆಯಿಂದಾದ ಜೈವಿಕ ಇಂಧನವನ್ನು 2030ರೊಳಗೆ ಕೈಬಿಡುವುದಾಗಿ ನಿಯಮ ಮಾಡಿತು. ಇಂಡೋನೇಷ್ಯಾ 2019ರ ಡಿಸೆಂಬರಿನಲ್ಲಿ ವಿಶ್ವ ವ್ಯಾಪಾರ ಸಂಸ್ಥೆಗೆ ದೂರು ಒಯ್ದಿತು. ಯುರೋಪು ತನ್ನ ಸಾಸಿವೆ ಜಾತಿಯ ಬೆಳೆ, ಸೂರ್ಯಕಾಂತಿ ಬೆಳೆಗಾರರನ್ನು ಕಾಯಲು ಹಸಿರು ಮುಸುಕು ಹಾಕಿಕೊಂಡಿದೆ ಎಂಬುದು ಅದರ ವಾದ. ಆ ವಾದದಲ್ಲಿ ಹುರುಳಿಲ್ಲದೆ ಇಲ್ಲ. ಆದರೆ ಯುರೋಪಿನ ಸ್ವಾರ್ಥ ಸಾಬೀತಾದ ಮಾತ್ರಕ್ಕೆ ಸುಮಾತ್ರಾದ ಕಾಡು ಮರಳಿ ಬೆಳೆಯುವುದಿಲ್ಲ.

ಹೊರಗಿನ ಬಾಗಿಲು ಮುಚ್ಚಿದಾಗ ಸರಕಾರ ಒಳಗೆ ಹೊಸ ಬಾಗಿಲು ತೆರೆಯಿತು. ಡೀಸೆಲಿನಲ್ಲಿ ತಾಳೆ ಎಣ್ಣೆ ಬೆರೆಸುವ ಪ್ರಮಾಣವನ್ನು 2020ರಲ್ಲಿ 30 ಶೇಕಡಾಕ್ಕೆ, 2025ರಲ್ಲಿ 40 ಶೇಕಡಾಕ್ಕೆ ಏರಿಸಲಾಯಿತು. ಯುರೋಪಿನ ಕಾರಿನಲ್ಲಿ ಉರಿಯಬೇಕಿದ್ದ ಎಣ್ಣೆ ಜಾವಾದ ಲಾರಿಯಲ್ಲಿ ಉರಿಯತೊಡಗಿತು. ಹೊರಗಿನ ಒತ್ತಡ, ಒಳಗಿನ ಶಕ್ತಿವಂತರನ್ನು ಮುಟ್ಟದೆ ಹೋದರೆ ಹೀಗೆ ಪಕ್ಕಕ್ಕೆ ಹರಿದುಹೋಗುತ್ತದೆ.

2022ರಲ್ಲಿ ಒತ್ತಡ ತದ್ವಿರುದ್ಧ ದಿಕ್ಕಿನಿಂದ ಬಂದಿತು. ಉಕ್ರೇನ್ ಯುದ್ಧದಿಂದ ಸೂರ್ಯಕಾಂತಿ ಎಣ್ಣೆ ಸಿಗದೆ ಲೋಕದೆಲ್ಲೆಡೆ ಅಡುಗೆ ಎಣ್ಣೆಯ ಬೆಲೆ ಏರಿತು. ತಾಳೆಯ ತವರಿನಲ್ಲಿಯೇ ಗೃಹಿಣಿಯರು ಎಣ್ಣೆಗಾಗಿ ಸಾಲು ನಿಂತರು, ವಿದ್ಯಾರ್ಥಿಗಳು ಬೀದಿಗಿಳಿದರು. ಅಧ್ಯಕ್ಷ ಜೋಕೋ ವಿಡೋಡೋ ಏಪ್ರಿಲ್ 28ರಿಂದ ತಾಳೆ ಎಣ್ಣೆಯ ರಫ್ತನ್ನೇ ನಿಷೇಧಿಸಿದರು. ಈಗ ಸಣ್ಣ ಬೆಳೆಗಾರರ ಸರದಿ. ಗಿರಣಿಗಳು ಹಣ್ಣು ಕೊಳ್ಳುವುದನ್ನು ನಿಲ್ಲಿಸಿದವು, ಗೊನೆಗಳು ತೋಟದಲ್ಲಿಯೇ ಕೊಳೆತವು. ಮೇ 17ರಂದು ರೈತರು ಜಕಾರ್ತಾದಲ್ಲಿ ಪ್ರತಿಭಟಿಸಿದರು. ಮೇ 23ಕ್ಕೆ ನಿಷೇಧ ತೆರವಾಯಿತು. ನಾಲ್ಕು ವಾರಗಳೂ ತುಂಬದ ಈ ನಿಷೇಧದ ಬಿಸಿ ಕರ್ನಾಟಕದ ಸಂತೆಪೇಟೆಯ ಬೋಂಡಾ ಅಂಗಡಿಗೂ ತಟ್ಟಿತು. ಲೋಕದಲ್ಲಿ ಅತಿ ಹೆಚ್ಚು ತಾಳೆ ಎಣ್ಣೆ ಕೊಳ್ಳುವ ದೇಶ ಭಾರತ. ಅದರ ಬಹುಪಾಲು ಬರುವುದು ಇಂಡೋನೇಷ್ಯಾ, ಮಲೇಷ್ಯಾಗಳಿಂದ.

ಆ ಕಾರಣದಿಂದಲೇ ಭಾರತವೂ ಇಲ್ಲಿ ಬರಿಯ ಪ್ರೇಕ್ಷಕನಲ್ಲ, ಹೊರಗಿನ ಒತ್ತಡಗಳಲ್ಲಿ ಒಂದು. 2019ರ ಸೆಪ್ಟೆಂಬರಿನಲ್ಲಿ ಮಲೇಷ್ಯಾದ ಪ್ರಧಾನಿ ಮಹಾಥಿರ್ ವಿಶ್ವಸಂಸ್ಥೆಯಲ್ಲಿ ಕಾಶ್ಮೀರದ ಬಗ್ಗೆ ಆಡಿದ ಮಾತು ದೆಹಲಿಗೆ ಹಿಡಿಸಲಿಲ್ಲ. 2020ರ ಜನವರಿಯಲ್ಲಿ ಶುದ್ಧೀಕರಿಸಿದ ತಾಳೆ ಎಣ್ಣೆಯ ಆಮದನ್ನು ಭಾರತ ನಿರ್ಬಂಧಿಸಿತು. ಪೆಟ್ಟು ಬಿದ್ದದ್ದು ಮಲೇಷ್ಯಾಕ್ಕೆ, ಲಾಭವಾದದ್ದು ಇಂಡೋನೇಷ್ಯಾಕ್ಕೆ. ಮಧ್ಯಮ ಬಲದ ರಾಷ್ಟ್ರಗಳು ಒತ್ತಡಕ್ಕೆ ಒಳಗಾಗುವಂತೆಯೇ ಒತ್ತಡ ಹೇರಲೂ ಬಲ್ಲವು. ಆದರೆ ಎಣ್ಣೆ ಯಾವ ಕಾಡನ್ನು ಕಡಿದ ನೆಲದ್ದು ಎಂಬ ಪ್ರಶ್ನೆ ದೆಹಲಿಯ ಆ ಲೆಕ್ಕಾಚಾರದಲ್ಲಿ ಬರಲೇ ಇಲ್ಲ ಎಂಬುದನ್ನು ಇಲ್ಲಿಯ ಪರಿಸರಾಸಕ್ತರು ಒಪ್ಪಿಕೊಳ್ಳಬೇಕು.

ನಿಕಲ್ ಮತ್ತು 'ಹಸಿರು' ಬಂಡಿ

ವಿದ್ಯುತ್ ವಾಹನಗಳ ಬ್ಯಾಟರಿಗೂ, ತುಕ್ಕು ಹಿಡಿಯದ ಉಕ್ಕಿಗೂ ಬೇಕಾದ ನಿಕಲ್ ಅದಿರಿನಲ್ಲಿ ಅರ್ಧಕ್ಕಿಂತ ಹೆಚ್ಚು ಇಂದು ಇಂಡೋನೇಷ್ಯಾದಿಂದ ಬರುತ್ತದೆ. ಕಚ್ಚಾ ಅದಿರನ್ನು ಮಾರಿ ಸಿದ್ಧವಸ್ತುವನ್ನು ದುಬಾರಿ ಬೆಲೆಗೆ ಕೊಳ್ಳುವ ವಸಾಹತು ಕಾಲದ ಚಾಳಿಯನ್ನು ಬಿಡಬೇಕೆಂದು 2009ರ ಗಣಿ ಕಾಯಿದೆ ಸಾರಿತು. 2014ರಲ್ಲಿ ಅದಿರು ರಫ್ತು ನಿಂತಿತು, 2017ರಲ್ಲಿ ಸಡಿಲವಾಯಿತು, 2020ರ ಜನವರಿಯಿಂದ ಮತ್ತೆ ಪೂರ್ತಿ ನಿಂತಿತು. ಐರೋಪ್ಯ ಒಕ್ಕೂಟ ವಿಶ್ವ ವ್ಯಾಪಾರ ಸಂಸ್ಥೆಯಲ್ಲಿ ದಾವೆ ಹೂಡಿ 2022ರ ನವೆಂಬರಿನಲ್ಲಿ ಗೆದ್ದಿತು. ಇಂಡೋನೇಷ್ಯಾ ಮೇಲ್ಮನವಿ ಸಲ್ಲಿಸಿತು. ಆದರೆ ಮೇಲ್ಮನವಿ ಕೇಳುವ ಪೀಠಕ್ಕೆ ಸದಸ್ಯರ ನೇಮಕವನ್ನು ಅಮೆರಿಕ ತಡೆದುದರಿಂದ 2019ರ ಕೊನೆಯಿಂದ ಅದು ನಿಷ್ಕ್ರಿಯವಾಗಿತ್ತು. ಕೇಳುವ ನ್ಯಾಯಾಧೀಶರಿಲ್ಲದ ಕೋರ್ಟಿಗೆ ಹೋದ ಮನವಿ ತೀರ್ಪನ್ನು ತಾನಾಗಿಯೇ ತಡೆದು ನಿಲ್ಲಿಸಿತು. ದೊಡ್ಡವರು ಮುರಿದ ಬೇಲಿಯಲ್ಲಿ ನಡುವಿನವರು ನುಸುಳಿದರು.

ಅದಿರನ್ನು ಕಚ್ಚಾ ರೂಪದಲ್ಲಿ ಹಡಗೇರಿಸಿ ಕಳಿಸಿದ ಬಳ್ಳಾರಿಯನ್ನು ಕಂಡ ಕನ್ನಡಿಗರಿಗೆ ಈ ನೀತಿ ಮೆಚ್ಚುಗೆಯಾಗುವುದು ಸಹಜ. ಮೆಚ್ಚತಕ್ಕ ಅಂಶವೂ ಅದರಲ್ಲಿದೆ. ಆದರೆ ಮುಂದೇನಾಯಿತು? ಅದಿರು ಕರಗಿಸುವ ಕುಲುಮೆಗಳಿಗೆ ಬಂಡವಾಳವೂ ತಂತ್ರಜ್ಞಾನವೂ ಬಹುಪಾಲು ಚೀನಾದಿಂದ ಬಂದವು. ಸುಲಾವೆಸಿಯ ಮೊರೊವಾಲಿ, ಹಲ್ಮಹೇರಾದ ವೇಡಾ ಕೊಲ್ಲಿಗಳಲ್ಲಿ ಬೃಹತ್ ಕೈಗಾರಿಕಾ ಪ್ರದೇಶಗಳು ಎದ್ದವು. ಅವುಗಳ ವಿದ್ಯುತ್ತು ಕಲ್ಲಿದ್ದಲಿನದು. ದೂರದ ನಗರಗಳ ಗಾಳಿ ಶುದ್ಧವಾಗಲೆಂದು ಸುಲಾವೆಸಿಯಲ್ಲಿ ಕಲ್ಲಿದ್ದಲು ಉರಿಯುತ್ತದೆ. 2023ರ ಡಿಸೆಂಬರಿನಲ್ಲಿ ಮೊರೊವಾಲಿಯ ಕುಲುಮೆಯೊಂದು ಸಿಡಿದು 21 ಕಾರ್ಮಿಕರು ಸತ್ತರು. ಹಲ್ಮಹೇರಾದ ಒಳಗಾಡಿನಲ್ಲಿ ಹೊರಲೋಕದ ಸಂಪರ್ಕ ಬೇಡವೆಂದು ಬದುಕುವ ಹೊಂಗಾನಾ ಮನ್ಯಾವಾ ಜನರ ನೆಲದವರೆಗೂ ಗಣಿ ಬಂದಿದೆ.

ಒಂದು ದೇಶದ ಬಂಡವಾಳದ ಮೇಲೆ ಇಷ್ಟು ಅವಲಂಬಿಸಿದ ಮೇಲೆ ಆ ದೇಶದೊಡನೆ ಗಟ್ಟಿ ದನಿಯಲ್ಲಿ ಮಾತನಾಡುವುದು ಕಷ್ಟ. ನಟುನಾ ದ್ವೀಪಗಳ ಬಳಿ ಚೀನಾದ ಮೀನುಗಾರಿಕಾ ದೋಣಿಗಳು ಪದೇಪದೇ ನುಗ್ಗಿದಾಗ, 2017ರಲ್ಲಿ ಆ ಸಮುದ್ರಕ್ಕೆ ಇಂಡೋನೇಷ್ಯಾ 'ಉತ್ತರ ನಟುನಾ ಸಮುದ್ರ' ಎಂದು ಹೆಸರಿಟ್ಟು ಪ್ರತಿಭಟಿಸಿತು. 2024ರ ನವೆಂಬರಿನಲ್ಲಿ ಹೊಸ ಅಧ್ಯಕ್ಷ ಪ್ರಬೋವೋ ಬೀಜಿಂಗಿನಲ್ಲಿ ಹೊರಡಿಸಿದ ಜಂಟಿ ಹೇಳಿಕೆಯಲ್ಲಿ 'ಪರಸ್ಪರ ಅತಿಕ್ರಮಿಸುವ ಹಕ್ಕುಸಾಧನೆ' ಎಂಬರ್ಥದ ಮಾತು ಸೇರಿಕೊಂಡಿತು; ಚೀನಾದ ಹಕ್ಕನ್ನು ಪರೋಕ್ಷವಾಗಿ ಒಪ್ಪಿದಂತಾಯಿತೆಂದು ಆ ದೇಶದ ಪಂಡಿತರೇ ಆಕ್ಷೇಪಿಸಿದರು. ಇನ್ನೊಂದು ಬಂಡೆಯೂ ಸುಮ್ಮನಿರಲಿಲ್ಲ. 2025ರ ಏಪ್ರಿಲಿನಲ್ಲಿ ಅಮೆರಿಕದ ಅಧ್ಯಕ್ಷ ಟ್ರಂಪ್ ಇಂಡೋನೇಷ್ಯಾದ ಸರಕಿನ ಮೇಲೆ 32 ಶೇಕಡಾ ಸುಂಕ ಘೋಷಿಸಿದರು. ಜುಲೈನಲ್ಲಿ ಅದನ್ನು 19ಕ್ಕೆ ಇಳಿಸಲು ಒಪ್ಪಿದಾಗ, ಅಮೆರಿಕಕ್ಕೆ ಹೋಗುವ ಮುಖ್ಯ ಖನಿಜಗಳ ರಫ್ತಿನ ಮೇಲಿನ ನಿರ್ಬಂಧವನ್ನು ತೆಗೆಯುವ ಭರವಸೆಯೂ ಜಂಟಿ ಹೇಳಿಕೆಯಲ್ಲಿ ಸೇರಿತ್ತು. 2025ರ ಜನವರಿಯಲ್ಲಿ ಬ್ರಿಕ್ಸ್ ಕೂಟವನ್ನು ಸೇರಿದ ಅದೇ ದೇಶ, ಸೆಪ್ಟೆಂಬರಿನಲ್ಲಿ ಐರೋಪ್ಯ ಒಕ್ಕೂಟದೊಡನೆ ವ್ಯಾಪಾರ ಒಪ್ಪಂದದ ಮಾತುಕತೆಯನ್ನೂ ಮುಗಿಸಿತು. ಹಟ್ಟಾ ಹೇಳಿದ ದೋಣಿ ಇಂದಿಗೂ ನಡೆಯುತ್ತಿದೆ. ಆದರೆ ಬಂಡೆಗಳ ಸಂಖ್ಯೆ ಹೆಚ್ಚಿದೆ.

ಮೂರನೆಯ ಒತ್ತಡ

ಇಷ್ಟನ್ನು ಓದಿದ ಮೇಲೆ ಕಾಡಿನ ಜನರ ಪಾಲಿಗೆ 'ಅತ್ತ ದರಿ ಇತ್ತ ಪುಲಿ' ಎಂದು ಕೈಚೆಲ್ಲಬೇಕೆನಿಸಬಹುದು. ಹೊರಗಿನವರು ಮಾರುಕಟ್ಟೆಗಾಗಿ ಒತ್ತುತ್ತಾರೆ, ಒಳಗಿನ ಬಲಾಢ್ಯರು ಪರವಾನಗಿಗಾಗಿ ಒತ್ತುತ್ತಾರೆ. ಸರಕಾರ ಇಬ್ಬರ ನಡುವೆ ತೂಗುತ್ತದೆ. ಆದರೆ ಇಂಡೋನೇಷ್ಯಾದಲ್ಲಿ ಇನ್ನೊಂದು ಒತ್ತಡವೂ ಹುಟ್ಟಿದೆ, ಅದನ್ನು ಮರೆಯಬಾರದು.

ಸುಹಾರ್ತೋ ಬಿದ್ದ ಮರುವರ್ಷ, 1999ರಲ್ಲಿ, ದ್ವೀಪದ್ವೀಪಗಳ ಮೂಲನಿವಾಸಿ ಸಮುದಾಯಗಳು ಸೇರಿ 'ಅಮಾನ್' ಎಂಬ ಒಕ್ಕೂಟ ಕಟ್ಟಿಕೊಂಡವು. ಆ ಒಕ್ಕೂಟವೂ ಎರಡು ಸಮುದಾಯಗಳೂ ಸಾಂವಿಧಾನಿಕ ನ್ಯಾಯಾಲಯಕ್ಕೆ ಹೋದವು. 2013ರ ಮೇ 16ರಂದು ಬಂದ ತೀರ್ಪು ಅರಣ್ಯ ಕಾಯಿದೆಯಿಂದ ಒಂದೇ ಒಂದು ಪದವನ್ನು ತೆಗೆಯಿತು. ಪಾರಂಪರಿಕ ಕಾಡು ಎಂದರೆ ಪಾರಂಪರಿಕ ಸಮುದಾಯದ ನೆಲದಲ್ಲಿರುವ 'ಸರಕಾರಿ' ಕಾಡು ಎಂದಿದ್ದುದರಲ್ಲಿ 'ಸರಕಾರಿ' ಎಂಬುದು ಹೋಯಿತು. ಕಾನು, ಸೊಪ್ಪಿನಬೆಟ್ಟಗಳ ಹಕ್ಕಿನ ವ್ಯಾಜ್ಯ ಕಂಡ ಮಲೆನಾಡಿಗರಿಗೆ ಆ ಒಂದು ಪದದ ಬೆಲೆಯನ್ನು ವಿವರಿಸಿ ಹೇಳಬೇಕಿಲ್ಲ. ಜಾರಿ ನಿಧಾನ; 2016ರ ಕೊನೆಯಲ್ಲಿ ಒಂಬತ್ತು ಸಮುದಾಯಗಳಿಗೆ ಮೊದಲ ಹಕ್ಕುಪತ್ರ ಸಿಕ್ಕಿತು. ಆದರೂ ಸಿಕ್ಕಿತು.

2025ರ ಜೂನಿನಲ್ಲಿ ರಾಜಾ ಅಂಪಟ್ ಎಂಬ ಹವಳದ ದ್ವೀಪಸಮೂಹದಲ್ಲಿ ನಿಕಲ್ ಅಗೆತದ ವಿರುದ್ಧ ಸ್ಥಳೀಯರು ಮತ್ತು ಯುವಜನರು ಎತ್ತಿದ ದನಿ ದೇಶವ್ಯಾಪಿಯಾಯಿತು. ಐದರಲ್ಲಿ ನಾಲ್ಕು ಕಂಪನಿಗಳ ಪರವಾನಗಿ ರದ್ದಾಯಿತು. ನಿಕಲ್ ಬೇಕೆಂದು ಬೀಜಿಂಗ್, ಬ್ರಸೆಲ್ಸ್, ವಾಷಿಂಗ್ಟನ್‌ಗಳು ಒಟ್ಟಾಗಿ ಒತ್ತುತ್ತಿದ್ದ ಕಾಲದಲ್ಲಿಯೇ ಇದು ಸಾಧ್ಯವಾಯಿತು.

ಇದಕ್ಕೆ ಹೋಲಿಸಿ ನಾರ್ವೆಯ ಕಥೆಯನ್ನು ನೋಡಬೇಕು. 2010ರಲ್ಲಿ ನಾರ್ವೆ ಕಾಡು ಉಳಿಸಿದರೆ 100 ಕೋಟಿ ಡಾಲರ್ ಕೊಡುವುದಾಗಿ ಇಂಡೋನೇಷ್ಯಾಕ್ಕೆ ಮಾತು ಕೊಟ್ಟಿತು. ಹೊಸ ಪರವಾನಗಿಗಳಿಗೆ 2011ರಲ್ಲಿ ತಡೆ ಬಂದಿತು, ಅದು ಒಳ್ಳೆಯ ಹೆಜ್ಜೆಯೇ. ಆದರೆ ಹಣ ಬರುವುದು ತಡವಾಯಿತೆಂದು 2021ರಲ್ಲಿ ಇಂಡೋನೇಷ್ಯಾ ಒಪ್ಪಂದವನ್ನೇ ಮುರಿಯಿತು. 2022ರಲ್ಲಿ ಇನ್ನೊಂದು ಮಾಡಿಕೊಂಡಿತು. ಹಣದಿಂದ ಬಂದ ರಕ್ಷಣೆ ಹಣದೊಡನೆಯೇ ಅಲುಗಾಡುತ್ತದೆ. ಹೊರಗಿನವರ ಕಾಳಜಿಯನ್ನು ತಳ್ಳಿಹಾಕಬೇಕಿಲ್ಲ. ಒಳಗೆ ಅದನ್ನು ಹಿಡಿದುಕೊಳ್ಳುವ ಕೈಗಳಿದ್ದರೆ ಮಾತ್ರ ಅದಕ್ಕೆ ಬಲ.

ಯಾರ ಸಾರ್ವಭೌಮತ್ವ?

ಆಳುವವರು 'ದೇಶದ ಹಿತ' ಎಂದಾಗ ಕೇಳಬೇಕಾದ ಪ್ರಶ್ನೆ ಒಂದೇ: ಆ ಹಿತವನ್ನು ನಿರ್ಧರಿಸಿದ ಕೋಣೆಯಲ್ಲಿ ಯಾರಿದ್ದರು? ಹೊರಗಿನವರ ಮುಂದೆ ಸಾರ್ವಭೌಮತ್ವದ ಬಾವುಟ ಹಿಡಿಯುವ ಸರಕಾರ, ತನ್ನದೇ ಕಾಡಿನ ಊರಿನ ತೀರ್ಮಾನವನ್ನು ಕಸದ ಬುಟ್ಟಿಗೆ ಹಾಕಿದರೆ ಆ ಬಾವುಟ ಅರ್ಧ ಸುಳ್ಳು.

ಇಂಡೋನೇಷ್ಯಾದ ನಾಗರಿಕ ಸಂಘಟನೆಗಳು ಈ ಪ್ರಶ್ನೆಯನ್ನು ಕೋರ್ಟಿಗೂ ಒಯ್ದವು. ಜನಜೀವನದ ಮೇಲೆ ವ್ಯಾಪಕ ಪರಿಣಾಮ ಬೀರುವ ಒಪ್ಪಂದಗಳಿಗೆ ಸಂಸತ್ತಿನ ಒಪ್ಪಿಗೆ ಬೇಕೆಂದು ಅಲ್ಲಿಯ ಸಂವಿಧಾನ ಹೇಳುತ್ತದೆ. ಅಂತಹ ಒಪ್ಪಂದಗಳನ್ನು ಕಾಯಿದೆಯೊಂದರ ಕಿರುಪಟ್ಟಿಗೆ ಸೀಮಿತಗೊಳಿಸಬಾರದೆಂದು 2018ರಲ್ಲಿ ಸಾಂವಿಧಾನಿಕ ನ್ಯಾಯಾಲಯ ಹೇಳಿತು. ಭಾರತದಲ್ಲಿ ಅಷ್ಟೂ ಇಲ್ಲ. ಒಪ್ಪಂದಕ್ಕೆ ಸಹಿ ಹಾಕುವ ಅಧಿಕಾರ ಕೇಂದ್ರದ ಕಾರ್ಯಾಂಗದ್ದು. ಅದನ್ನು ಮೊದಲು ಸಂಸತ್ತಿನ ಮುಂದಿಡಲೇಬೇಕೆಂಬ ಕಟ್ಟುಪಾಡಿಲ್ಲ. ಜಾರಿಗೆ ಕಾನೂನು ಬೇಕಾದಾಗ ಸಂಸತ್ತಿಗೆ ಬರುತ್ತದೆ, ಅಷ್ಟೆ. ಅಡಿಕೆ, ಮೆಣಸು, ಕಾಫಿ, ಏಲಕ್ಕಿ ಬೆಳೆಗಾರರ ಬದುಕನ್ನು ಏರುಪೇರು ಮಾಡಬಲ್ಲ ವ್ಯಾಪಾರ ಒಪ್ಪಂದಗಳೂ ಹೀಗೆಯೇ ಆಗುತ್ತವೆ.

ಬೆಟ್ಟದ ಊರುಗಳು ಮಾಡಬಹುದಾದ ಕೆಲಸ ದೊಡ್ಡದೇನಲ್ಲ, ಆದರೆ ನಿರಂತರವಾದುದು. ಗ್ರಾಮಸಭೆಯಲ್ಲಿ ರಸ್ತೆ, ನೀರಿನ ಮಾತು ಬರುವಂತೆ ವ್ಯಾಪಾರ ಒಪ್ಪಂದದ ಮಾತೂ ಬರಬೇಕು. ಸಹಕಾರಿ ಸಂಘದ ವಾರ್ಷಿಕ ಸಭೆಯಲ್ಲಿ ಆಮದಿನ ನಿಯಮವನ್ನು ಓದಿ ಹೇಳುವ ವಿದ್ಯಾರ್ಥಿಯೊಬ್ಬ ಇರಬೇಕು. ಲೋಕಸಭೆಗೆ ಮತ ಕೇಳಲು ಬಂದವರನ್ನು, ಸಹಿಗೆ ಮೊದಲು ಒಪ್ಪಂದವನ್ನು ಸಂಸತ್ತಿನ ಮುಂದಿಡಲು ಒತ್ತಾಯಿಸುತ್ತೀರಾ ಎಂದು ಕೇಳಬೇಕು. ಹಾಗೆ ಕೇಳುವವರಿಲ್ಲದಿದ್ದರೆ ಒಳಗಿನ ಒತ್ತಡವೆಂದರೆ ಗಣಿ, ತೋಟಗಳ ಒಡೆಯರ ಒತ್ತಡವೊಂದೇ ಆಗಿ ಉಳಿಯುತ್ತದೆ.

1975ರಲ್ಲಿ ಕುದುರೆಮುಖದ ಪರವಾಗಿ ಕೇಳುವವರು ಇರಲಿಲ್ಲ. ತೊಂಬತ್ತರ ದಶಕದ ಹೊತ್ತಿಗೆ ಭದ್ರೆ, ತುಂಗೆಯರ ದಡದಲ್ಲಿ ಕೇಳುವವರು ಹುಟ್ಟಿಕೊಂಡರು, ಕೊನೆಗೆ ಗಣಿ ನಿಂತಿತು. ಆ ಮೂವತ್ತು ವರ್ಷಗಳಲ್ಲಿ ಹೋದ ಬೆಟ್ಟ ಮಾತ್ರ ಮರಳಿ ಬರಲಿಲ್ಲ. ಮುಂದಿನ ಒಪ್ಪಂದದಲ್ಲಿ ಬೆಟ್ಟ ಹೋದ ಮೇಲೆ ಕೇಳುವುದೋ, ಸಹಿ ಬೀಳುವ ಮೊದಲೇ ಕೇಳುವುದೋ ಎಂಬುದಷ್ಟೇ ಉಳಿದಿರುವ ಪ್ರಶ್ನೆ.